ಅಕ್ಕನ ಬಿಸಿಲಿಗೆ ಕೇಬಲ್ ಹುಡುಕಿದ್ದು

ಬಿಲ್ಡರ್‌ಗಳ ಬಗ್ಗೆ ನನಗೆ ಯಾವತ್ತೂ ಒಳ್ಳೆಯ ಅಭಿಪ್ರಾಯ ಇರಲಿಲ್ಲ. ನಮ್ಮ ಮನೆಗೆ ಬಂದವನನ್ನು ನೋಡಿದ ಮೇಲೆ ಇದ್ದ ಅಲ್ಪಸ್ವಲ್ಪ ಮರ್ಯಾದೆಯೂ ಹೋಯಿತು. ಬಿಳಿ ಪ್ಯಾಂಟು, ಬಿಳಿ ಬೂಟು. ಉತ್ತರಹಳ್ಳಿಯ ನಮ್ಮ ಬೀದಿಯನ್ನು ವರ್ಷವಿಡೀ ಯಾರಾದರೊಬ್ಬರು ಅಗೆಯುತ್ತಲೇ ಇರುತ್ತಾರೆ. ಅಂಥ ಬೀದಿಗೆ ಬಿಳಿ ಬೂಟು ಹಾಕಿಕೊಂಡು ಬರುವವನಿಗೆ ಮಣ್ಣಿನ ವಿಷಯ ಏನು ಗೊತ್ತಿದ್ದೀತು? ಅವನಿಗೆ ಬೇಕಾಗಿದ್ದದ್ದು ಮಾತ್ರ ನಮ್ಮ ಮಣ್ಣೇ. ಅಪ್ಪ ಬಿಟ್ಟುಹೋದ ಸೈಟು ಅಕ್ಕನ ಮತ್ತು ನನ್ನ ಹೆಸರಿನಲ್ಲಿ ಜಂಟಿಯಾಗಿತ್ತು. ಹಳೇ ಮನೆ ಕೆಡವಿ ಅಪಾರ್ಟ್‌ಮೆಂಟ್ ಎಬ್ಬಿಸುವುದು, ನಮ್ಮಿಬ್ಬರಿಗೂ ಒಂದೊಂದು ಮನೆ ಕೊಟ್ಟು ಉಳಿದದ್ದನ್ನು ಅವನು ಮಾರಿಕೊಳ್ಳುವುದು, ಇದು ಒಪ್ಪಂದ. ನಾನು ಸಹಿ ಹಾಕಿ ಒಂದು ತಿಂಗಳಾಗಿತ್ತು. ಅಕ್ಕ ಹಾಕಿರಲಿಲ್ಲ.

ಅವಳದು ಒಂದೇ ತಕರಾರು, ಬಿಸಿಲು. ಅಕ್ಕ ಬಹಳ ವರ್ಷಗಳಿಂದ ಸಂಡಿಗೆ, ಹಪ್ಪಳ, ಮಜ್ಜಿಗೆ ಮೆಣಸಿನಕಾಯಿ ಮಾಡಿ ಜಯನಗರ, ಬನಶಂಕರಿಯ ಕಾಂಡಿಮೆಂಟ್ಸ್ ಅಂಗಡಿಗಳಿಗೆ ಕೊಡುತ್ತಿದ್ದಳು. ಮನೆ ನಡೆದದ್ದು ಅದರಿಂದಲೇ. ಮುಂದಿನ ಅಂಗಳದಲ್ಲಿ ಬೆಳಿಗ್ಗೆ ಚಾಪೆ ಹಾಸಿದರೆ ಸಂಜೆಯವರೆಗೂ ಅದೇ ಅವಳ ಆಫೀಸು. ಹಿತ್ತಲಲ್ಲಿ ಏನನ್ನೂ ಒಣಗಿಸುವ ಹಾಗಿರಲಿಲ್ಲ. ಹಿಂದಿನ ಗೋಡೆಗೆ ಅಂಟಿಕೊಂಡೇ ಐದಂತಸ್ತಿನ ಒಂದು ಪೀಜಿ ಹಾಸ್ಟೆಲ್ಲು ನಿಂತಿತ್ತು. ಅದರ ಬುಡದಲ್ಲಿ ಪಾಚಿ ಬಿಟ್ಟರೆ ಇನ್ನೇನೂ ಬದುಕುತ್ತಿರಲಿಲ್ಲ. ಬಿಲ್ಡರ್ ಅಕ್ಕನಿಗೆ ಮೊದಲನೇ ಮಹಡಿಯಲ್ಲಿ, ಸ್ವಂತ ಟೆರೇಸು ಇರುವ ಮನೆ ಕೊಡುತ್ತೇನೆಂದ. ನಕ್ಷೆ ಬಿಡಿಸಿ ಟೆರೇಸಿನ ಮೇಲೆ ಬೆರಳಿಟ್ಟು ತೋರಿಸಿದ. ಅಕ್ಕ ನಕ್ಷೆಯನ್ನು ಮಡಚಿ ವಾಪಸ್ಸು ಕೊಟ್ಟಳು.

"ಈ ಗೆರೆಗಳು ನನಗೆ ಅರ್ಥ ಆಗಲ್ಲ. ಅಲ್ಲಿ ಬಿಸಿಲು ಬೀಳೋದನ್ನ ಕಣ್ಣಾರೆ ತೋರ್ಸಿ, ಅವತ್ತೇ ಸೈನ್ ಮಾಡ್ತೀನಿ."

ನಾನೂ ಭಾವನೂ ನಕ್ಕೆವು. ಭಾವನ ವಿಷಯ ಇಲ್ಲೇ ಹೇಳಿಬಿಡುತ್ತೇನೆ. ಕನಕಪುರ ರಸ್ತೆಯ ಆಚೆಯ ಊರಿನವರು. ಜಮೀನು ಲೇಔಟಿಗೆ ಹೋದ ಮೇಲೆ ಅಕ್ಕನ ಮನೆಗೇ ಬಂದು ತಳವೂರಿದವರು. ಅವರಿಗೆ ಗೊತ್ತಿಲ್ಲದ ವಿಷಯ ಲೋಕದಲ್ಲಿಲ್ಲ. ಬೋರ್‌ವೆಲ್ಲಿನಿಂದ ಹಿಡಿದು ಚಂದ್ರಯಾನದವರೆಗೆ ಎಲ್ಲದಕ್ಕೂ "ಅದು ಹಂಗಲ್ಲ" ಎಂದು ಶುರು ಮಾಡುತ್ತಾರೆ. ಹೇಗೆ ಎಂದು ಮಾತ್ರ ಈವರೆಗೆ ಹೇಳಿಲ್ಲ.

ಎರಡು ವಾರದ ಮೇಲೆ ಬಿಲ್ಡರ್ ಒಂದು ಬಿಳಿ ಡಬ್ಬ ಹಿಡಿದು ಬಂದ. ಒಳಗೆ ವಿಆರ್ ಹೆಡ್‌ಸೆಟ್. ಕಣ್ಣಿಗೆ ಕಟ್ಟಿಕೊಂಡರೆ ಇನ್ನೂ ಕಟ್ಟದ ಮನೆಯೊಳಗೆ ಓಡಾಡಿ ಬರಬಹುದು ಎಂದ. ಹಾಗಾದರೆ ತೋರಿಸಿ ಎಂದರೆ ರಾಗ ಎಳೆದ. ಹೆಡ್‌ಸೆಟ್ಟು ತನ್ನಷ್ಟಕ್ಕೆ ತಾನೇ ಕೆಲಸ ಮಾಡುತ್ತದಂತೆ, ಕಂಪ್ಯೂಟರೇ ಬೇಡವಂತೆ, ಆದರೆ ನಮ್ಮ ಮನೆಯ ಫೈಲು ಮಾತ್ರ ಭಾರಿಯಂತೆ, ಅದನ್ನು ತೆರೆಯಲು ದೊಡ್ಡ ಗೇಮಿಂಗ್ ಕಂಪ್ಯೂಟರಿಗೆ ಜೋಡಿಸಬೇಕಂತೆ. ಸ್ವತಂತ್ರ ಎಂದು ಹೇಳಿ ಮಾರುತ್ತಾರೆ, ಮನೆಗೆ ಬಂದ ಮೇಲೆ ಇನ್ನೊಬ್ಬರ ಬೆನ್ನಿಗೆ ಬೀಳುತ್ತದೆ. ನನಗೆ ಭಾವನ ನೆನಪಾಯಿತು.

"ಸಾರ್ ಹತ್ರ ಸಖತ್ ಸಿಸ್ಟಮ್ ಇದೆ ಅಂತ ಕೇಳಿದ್ದೆ," ಎಂದು ಬಿಲ್ಡರ್ ನನ್ನ ಕಡೆ ನೋಡಿದ.

ಇತ್ತು. ಮೂರು ಅಂಗಡಿಗಳ ಬಾಡಿಗೆ ಬರುವುದರಿಂದ ನನಗೆ ಕೆಲಸ ಎಂದು ಹೇಳಿಕೊಳ್ಳುವಂಥದ್ದು ಏನೂ ಇಲ್ಲ. ಐವತ್ತರ ಹತ್ತಿರದ ಒಂಟಿ ಗಂಡಸು. ಮಹಡಿಯ ಕೋಣೆಯಲ್ಲಿ ಬಣ್ಣಬಣ್ಣದ ದೀಪ ಉರಿಯುವ ಗೇಮಿಂಗ್ ಪಿಸಿಯನ್ನು ಬಿಡಿಭಾಗ ತಂದು ನಾನೇ ಜೋಡಿಸಿದ್ದೆ. ಬದುಕಿನಲ್ಲಿ ಶುರು ಮಾಡಿ ಮುಗಿಸಿದ ಒಂದೇ ಕೆಲಸ ಅದು. ಹೊಗಳಿಕೆ ಕೇಳಿದ ಕೂಡಲೇ ಡಬ್ಬ ನನ್ನ ಕೈಗೆ ಬಂತು, ಜತೆಗೆ ಮನೆಯ ಫೈಲು ತುಂಬಿದ ಪೆನ್‌ಡ್ರೈವ್. ಮೂರನೇ ದಿನ ಬೆಳಿಗ್ಗೆ ಕಾಗದಪತ್ರದ ಸಮೇತ ಬರುತ್ತೇನೆಂದು ಬಿಲ್ಡರ್ ಹೊರಟುಹೋದ.

ಮೊದಲು ವೈಫೈ ಮೂಲಕ ನೋಡಿದೆ. ನಮ್ಮ ರೌಟರ್ ಇರುವುದು ಕೆಳಗಿನ ಮನೆಯಲ್ಲಿ, ದೇವರ ಗೂಡಿನ ಮೇಲೆ. ಅಲ್ಲಿಟ್ಟರೆ ನೆಟ್ ಚೆನ್ನಾಗಿ ಬರುತ್ತದೆ ಎಂದು ಭಾವ ತೀರ್ಮಾನಿಸಿದ್ದರು. ಮಹಡಿಗೆ ಬರುವಷ್ಟರಲ್ಲಿ ಅದಕ್ಕೆ ಉಸಿರೇ ಇರುತ್ತಿರಲಿಲ್ಲ. ಚಿತ್ರ ಎರಡು ಹೆಜ್ಜೆ ನಡೆದು ನಿಲ್ಲುತ್ತಿತ್ತು, ಮತ್ತೆ ಎರಡು ಹೆಜ್ಜೆ. ಹತ್ತು ನಿಮಿಷಕ್ಕೆ ಸಾಕಾಗಿ ಹೆಡ್‌ಸೆಟ್ ಕಿತ್ತು ಮಂಚದ ಮೇಲೆ ಎಸೆದೆ.

ಕೇಬಲ್ಲೇ ಗತಿ ಎಂದಾಯಿತು. ಭಾವ ತಮ್ಮ ಫೋನಿನ ಚಾರ್ಜರ್ ವೈರನ್ನು ತಂದು, ತುದಿ ಒಂದೇ ಥರ ಇದೆ ನೋಡು ಎಂದರು. ಬನಶಂಕರಿ ಬಸ್‌ಸ್ಟ್ಯಾಂಡಿನ ಫುಟ್‌ಪಾತಿನಲ್ಲಿ ಕೊಂಡದ್ದು. ಅದನ್ನು ಹಾಕಿದರೆ ಹೆಡ್‌ಸೆಟ್ಟು ನೆಮ್ಮದಿಯಾಗಿ ಚಾರ್ಜ್ ಆಗುತ್ತಿತ್ತು, ಕಂಪ್ಯೂಟರಿಗೆ ಮಾತ್ರ ಅದು ಕಾಣುತ್ತಲೇ ಇರಲಿಲ್ಲ. ಕರೆಂಟು ದಾಟಿಸುವ ವೈರೇ ಬೇರೆ, ಡೇಟಾ ದಾಟಿಸುವ ವೈರೇ ಬೇರೆ ಎಂದು ನಾನು ವಿವರಿಸಿದೆ. ಅದು ಹಂಗಲ್ಲ ಎಂದರು. ಅರ್ಧ ದಿನ ಯೂಟ್ಯೂಬ್ ನೋಡಿದೆ. ನಿನ್ನೆ ಮೊನ್ನೆ ಮೀಸೆ ಬಂದವರೆಲ್ಲ ಮೊದಲ ಐದು ನಿಮಿಷ ತಮ್ಮ ಚಾನೆಲ್ಲಿಗೆ ಸೇರಿಕೊಳ್ಳಿ ಎಂದು ಗೋಗರೆದು, ಕೊನೆಯ ಅರ್ಧ ನಿಮಿಷದಲ್ಲಿ ಹಾಳಾಗಿ ಹೋಗಲಿ ಎಂಬಂತೆ ವಿಷಯ ಹೇಳುತ್ತಾರೆ. ಅವರ ಮಾತು ನಂಬಿ ಪಿಸಿಯ ಡ್ರೈವರ್ ಸಾಫ್ಟ್‌ವೇರ್ ಹೊಸದು ಹಾಕಿದೆ, ಹಳೆಯದು ಹಾಕಿದೆ, ಒಂದು ದಿನ ಹಾಗೇ ಹೋಯಿತು.

ಮಾರನೇ ದಿನ ಜೆಪಿ ನಗರದ ಒಂದು ದೊಡ್ಡ ಅಂಗಡಿಗೆ ಹೋದೆ. ಐದು ಮೀಟರಿನ ಡೇಟಾ ಕೇಬಲ್ ಬೇಕೆಂದರೆ ಅಲ್ಲಿದ್ದವನು ಯಾವ ಫೋನ್ ಸಾರ್ ಎಂದ. ಫೋನಿಗಲ್ಲ ಎಂದೆ. ನನ್ನ ನರೆಗೂದಲು ನೋಡಿ, ಮಗನಿಗಾ ಎಂದ. ಇಂಥವರಿಗೆ ಉತ್ತರ ಕೊಡುವುದು ನನ್ನ ಘನತೆಗೆ ಕಡಿಮೆ ಎಂದುಕೊಂಡು ಹೌದು ಎಂದೆ. ಮಧ್ಯಾಹ್ನದ ಹೊತ್ತಿಗೆ ಕೇಬಲ್ಲನ್ನು ಪಿಸಿಯ ಹಿಂದುಗಡೆಯ ವೇಗದ ಪೋರ್ಟಿಗೆ ಸಿಕ್ಕಿಸಿ ಕಾದೆ. ಏನೂ ಆಗಲಿಲ್ಲ. ಒಂದು ಗಂಟೆ ಬೈದುಕೊಂಡ ಮೇಲೆ ತಿಳಿಯಿತು: "ಈ ಕಂಪ್ಯೂಟರಿಗೆ ಅನುಮತಿ ಕೊಡಲೇ" ಎಂದು ಅದು ಕೇಳುತ್ತಲೇ ಇತ್ತು, ಆದರೆ ಹೆಡ್‌ಸೆಟ್ಟಿನ ಒಳಗೆ. ಕಟ್ಟಿಕೊಂಡವರಿಗೆ ಮಾತ್ರ ಕಾಣುವ ಪ್ರಶ್ನೆ. ನಾನು ಅದನ್ನು ಮೇಜಿನ ಮೇಲಿಟ್ಟು ಪರದೆ ನೋಡುತ್ತ ಕೂತಿದ್ದೆ.

ಅನುಮತಿ ಕೊಟ್ಟದ್ದೇ ತಡ, ನಾನು ಇನ್ನೂ ಹುಟ್ಟದ ಮನೆಯ ಹಜಾರದಲ್ಲಿ ನಿಂತಿದ್ದೆ. ಹೊಳೆಯುವ ನೆಲ. ಯಾರೂ ಓದದ ಪುಸ್ತಕಗಳ ಕಪಾಟು. ಅಡುಗೆಮನೆಯಲ್ಲಿ ಒಂದು ಬಟ್ಟಲು ತುಂಬ ಹಸಿರು ಸೇಬು. ನಮ್ಮ ವಂಶದಲ್ಲಿ ಹಸಿರು ಸೇಬು ತಿಂದವರು ಯಾರೂ ಇಲ್ಲ. ಬಾಗಿಲು ದಾಟಿ ಟೆರೇಸಿಗೆ ಹೋದೆ. ಬಿಸಿಲೋ ಬಿಸಿಲು. ಬೆತ್ತದ ಕುರ್ಚಿಯಲ್ಲಿ ಒಬ್ಬ ಬಿಳಿ ಹೆಂಗಸು ಕಾಫಿ ಹಿಡಿದು ಕೂತಿದ್ದಳು. ಸಂಡಿಗೆ ಹರಡಲು ಅವಳನ್ನು ಎಬ್ಬಿಸಬೇಕಾಗುತ್ತದಲ್ಲ ಎಂದು ನಗು ಬಂತು. ಎರಡು ದಿನ ಹೆಣಗಿ ಗೆದ್ದವನ ಸಂತೋಷ ಸಣ್ಣದಲ್ಲ. ಸುತ್ತಲೂ ತಿರುಗಿ ನೋಡಿದೆ, ಮೇಲೆ ನೋಡಿದೆ, ಬಹಳ ಹೊತ್ತು ನೋಡಿದೆ.

ಅಂಗಳದಿಂದ ಅಕ್ಕ ಕೂಗಿ ಕೇಳಿದಳು. "ಕಾಣ್ತಾ? ಬಿಸಿಲಿದೆಯೇನೋ?"

"ಬೇಕಾದಷ್ಟಿದೆ," ಎಂದೆ.

ಮೂರನೇ ದಿನ ಬಿಲ್ಡರ್ ಬಂದ. ಬೂಟಿಗೆ ಅಷ್ಟಿಷ್ಟು ಕೆಸರು ಮೆತ್ತಿದ್ದು ನೋಡಿ ಖುಷಿಯಾಯಿತು. ಎಲ್ಲರೂ ಮಹಡಿಗೆ ಬಂದರು. ಅಕ್ಕ ಕೈ ಒರೆಸಿಕೊಂಡು ಕುರ್ಚಿಯಲ್ಲಿ ಕೂತಳು. ನಾನು ಮೊದಲು ಸರಿಯಾಗಿದೆಯೇ ನೋಡೋಣ ಎಂದು ಹೆಡ್‌ಸೆಟ್ ಕಟ್ಟಿಕೊಂಡರೆ ಎಲ್ಲ ಕಪ್ಪು. ಕೋಣೆಯಲ್ಲಿ ಬೆಳಕು ಸಾಲದು, ದಿಕ್ಕು ಸಿಗುತ್ತಿಲ್ಲ ಎಂಬ ಸೂಚನೆ. ಹೊರಗೆ ಹಾಡುಹಗಲು. ಕಿಟಕಿ ತೆಗೆದೆ, ಟ್ಯೂಬ್‌ಲೈಟ್ ಹಾಕಿದೆ, ಪಿಸಿಯನ್ನು ಆರಿಸಿ ಹಚ್ಚಿದೆ. ಅದೇ ಹಾಡು. ಬಿಲ್ಡರ್ ತನ್ನ ಆಫೀಸಿನಲ್ಲಿ ಹೀಗೆ ಯಾವತ್ತೂ ಆಗಿಲ್ಲ ಎಂದ. ನಿನ್ನ ಫೈಲೇ ದರಿದ್ರದ್ದು ಎಂದು ನಾನೂ ಹೇಳಿದೆ, ಅದಕ್ಕಿಂತ ಸ್ವಲ್ಪ ಕೆಟ್ಟದಾಗಿ. ಮುಕ್ಕಾಲು ಗಂಟೆ ಹೀಗೆ ಜಗಳವಾಡಿದ ಮೇಲೆ, ಬೆವರು ಒರೆಸಲು ಹೆಡ್‌ಸೆಟ್ ತಿರುಗಿಸಿದವನ ಮೂಗಿಗೆ ಎಳ್ಳೆಣ್ಣೆ ವಾಸನೆ ಬಡಿಯಿತು. ಬೆರಳಿಂದ ಉಜ್ಜಿದರೆ ಬೆರಳು ಕೆಂಪಾಯಿತು.

ಬೆಳಿಗ್ಗೆ ನಾನು ಸ್ನಾನಕ್ಕೆ ಹೋದಾಗ ಭಾವ ಅದಕ್ಕೆ ಪೂಜೆ ಮಾಡಿದ್ದರು. ಹೊಸ ಮಿಷಿನ್ನು, ಅದರಿಂದ ಆಗಬೇಕಾದದ್ದು ಮನೆಯ ಕೆಲಸ, ಪೂಜೆಯಿಲ್ಲದೆ ಹೇಗೆ? ಲಾರಿಗೆ, ಮೋಟಾರಿಗೆ, ಫ್ರಿಜ್ಜಿಗೆ ಇಟ್ಟ ಹಾಗೆ ಎಣ್ಣೆಯಲ್ಲಿ ಕಲಸಿದ ಕುಂಕುಮದ ಬೊಟ್ಟು ಇಟ್ಟಿದ್ದಾರೆ. ಮುಂಭಾಗದಲ್ಲಿ ನಾಲ್ಕು ಪುಟ್ಟ ಗುಂಡಿಗಳು ಕಂಡಿವೆ, ಬೊಟ್ಟಿಗೆಂದೇ ಮಾಡಿದ ಜಾಗ ಅಂದುಕೊಂಡು ನಾಲ್ಕಕ್ಕೂ ಇಟ್ಟಿದ್ದಾರೆ. ಆ ನಾಲ್ಕೂ ಕ್ಯಾಮೆರಾಗಳು. ಕೋಣೆಯನ್ನು ಅದು ನೋಡುವುದು ಅವುಗಳಿಂದಲೇ. ಆಮೇಲೆ ನನ್ನ ಬಾಯಿಗೆ ಹೆದರಿ, ಯಾರಿಗೂ ಗೊತ್ತಾಗದ ಹಾಗೆ ಟವಲಿನಿಂದ ಒರೆಸಿ ನಾಲ್ಕಕ್ಕೂ ಚೆನ್ನಾಗಿ ಬಳಿದಿದ್ದಾರೆ.

"ಅದ್ರ ಕಣ್ಣಿಗೇ ಹಚ್ಚಿದ್ದೀರಲ್ಲ ಭಾವ," ಎಂದೆ.

"ಮುಖಕ್ಕಿಡದೆ ಇನ್ನೆಲ್ಲಿಡ್ಲಿ?" ಎಂದರು. ನಾಚಿಕೆಯ ಸುಳಿವೂ ಇರಲಿಲ್ಲ.

ಮೂರ್ಖತನಕ್ಕೂ ಒಂದು ಮಿತಿ ಇರುತ್ತದೆ ಎಂದು ಅದುವರೆಗೆ ನಂಬಿದ್ದೆ. ಕನ್ನಡಕ ಒರೆಸುವ ಬಟ್ಟೆಯಿಂದ ನಾಲ್ಕನ್ನೂ ಉಜ್ಜಿ ತೆಗೆದೆ. ಚಿತ್ರ ಬಂತು. ಅಕ್ಕನ ತುರುಬನ್ನು ಸ್ವಲ್ಪ ಮೇಲೆತ್ತಿ ಪಟ್ಟಿ ಬಿಗಿದೆ. ಅವಳಿಗೆ ಕಾಣುವುದು ನಮಗೂ ಕಾಣಲೆಂದು ಪಿಸಿಯ ಪರದೆ ತಿರುಗಿಸಿದೆ. ಬಿಲ್ಡರ್ ಪೆನ್ನಿನ ಮುಚ್ಚಳ ತೆಗೆದು ಕಾಗದಗಳ ಮೇಲಿಟ್ಟ.

ಅಕ್ಕ ಎದ್ದು ನಿಂತಳು. ಹಜಾರ, ಪುಸ್ತಕ, ಸೇಬು ಯಾವುದರ ಮುಂದೆಯೂ ನಿಲ್ಲಲಿಲ್ಲ. ನಾನು ಕೈಗೆ ಕೊಟ್ಟ ರಿಮೋಟಿನ ಗುಂಡಿ ಒತ್ತುತ್ತ ಸೀದಾ ಟೆರೇಸಿಗೆ ನಡೆದಳು. ಬಿಳಿ ಹೆಂಗಸನ್ನು ನೋಡಿ ಯಾರಿವಳು ಎಂದೂ ಕೇಳಲಿಲ್ಲ. ಚಾಪೆ ಹಾಸುವವರು ನೋಡುವ ಹಾಗೆ ನೆಲ ನೋಡಿದಳು. ಆಮೇಲೆ ತಲೆ ಎತ್ತಿ ಬಿಸಿಲು ಬರುವ ಕಡೆ ತಿರುಗಿದಳು. ಪರದೆಯ ಮೇಲೆ ನೀಲಿ ಆಕಾಶ, ಅದರ ಕೆಳಗೆ ದೂರದವರೆಗೆ ಹಸಿರು ಹುಲ್ಲು, ನಾಲ್ಕು ತಾಳೆ ಮರ.

"ಇದು ಹಿತ್ತಲ ಕಡೆ ಅಲ್ವಾ?" ಎಂದಳು. ಬಿಲ್ಡರ್ ಹೌದು ಎಂದ.

"ಪೀಜಿ ಎಲ್ಲಿ?"

ಬಿಲ್ಡರ್, ಅಕ್ಕಪಕ್ಕದ ಕಟ್ಟಡಗಳನ್ನು ಸಾಮಾನ್ಯವಾಗಿ ತೋರಿಸುವುದಿಲ್ಲ, ನೋಟ ಕೆಡುತ್ತದೆ ಎಂದ. ಭಾವ ಅದು ಹಂಗಲ್ಲ ಎಂದು ಬಾಯಿ ತೆರೆದವರು ಅಲ್ಲಿಗೇ ನಿಲ್ಲಿಸಿದರು. ಅಕ್ಕ ಎರಡೂ ಕೈಯಿಂದ ಹೆಡ್‌ಸೆಟ್ ತೆಗೆದು, ಕುರ್ಚಿಯಲ್ಲಿ ಕೂತು ಮಡಿಲಲ್ಲಿಟ್ಟುಕೊಂಡಳು. ಕಣ್ಣಿನ ಸುತ್ತ ಪಟ್ಟಿಯ ಗುರುತು ಮೂಡಿತ್ತು. ಬಿಲ್ಡರನ್ನು ಅವಳು ನೋಡಲೇ ಇಲ್ಲ. ನನ್ನನ್ನು ನೋಡಿದಳು.

"ಎರಡು ದಿನ ಇದರೊಳಗೆ ತಲೆ ಇಟ್ಕೊಂಡಿದ್ಯಲ್ಲ. ನಿನಗೆ ಕಾಣಿಸ್ಲಿಲ್ವಾ?"

ಕಾಣಿಸಿತ್ತು. ಆ ಟೆರೇಸಿನಲ್ಲಿ ನಿಂತು ತಲೆ ಎತ್ತಿದ ಕೂಡಲೇ ಕಾಣಿಸಿತ್ತು. ದಿನವೂ ನನ್ನ ಕಿಟಕಿಗೆ ಅಡ್ಡ ನಿಲ್ಲುವ ಐದಂತಸ್ತು ಇಲ್ಲ ಎಂಬುದು ಕುರುಡನಿಗೂ ಗೊತ್ತಾಗುತ್ತಿತ್ತು. ಬಿಲ್ಡರ್ ಏಮಾರಿಸಿದ್ದಾನೆ ಎಂದು ಆಗಲೇ ಅರ್ಥವಾಯಿತು. ಆದರೆ ನಾನು ಆಗಲೇ ಸಹಿ ಹಾಕಿದ್ದೆ. ನನ್ನ ಪಾಲಿಗೆ ಬರೆದದ್ದು ಪೀಜಿಯ ತಲೆಗಿಂತಲೂ ಮೇಲಿನ, ಬಿಸಿಲಿಗೆ ಅಡ್ಡವಿಲ್ಲದ ಕೊನೆಯ ಮಹಡಿಯ ಮನೆ. ಅಕ್ಕ ನೋಡಿ ಖುಷಿಪಟ್ಟು ಸಹಿ ಹಾಕಿದರೆ ಎಲ್ಲರಿಗೂ ಕ್ಷೇಮ ಎಂದುಕೊಂಡೆ. ಬಿಲ್ಡರನ್ನು, ಭಾವನನ್ನು, ಅಂಗಡಿಯವನನ್ನು, ಯೂಟ್ಯೂಬಿನ ಹುಡುಗರನ್ನು ಮೂರು ದಿನ ಬಾಯಿತುಂಬ ಉಗಿದವನು ನಾನು. ಅವರಲ್ಲಿ ಒಬ್ಬರೂ ಅಕ್ಕನ ಮುಖಕ್ಕೇ ಸುಳ್ಳು ಹೇಳಿರಲಿಲ್ಲ. ಬಿಲ್ಡರ್ ಕೂಡ ಚಿತ್ರ ತೋರಿಸಿದನೇ ಹೊರತು ಬಾಯಿಬಿಟ್ಟು ಹೇಳಿದವನು ನಾನೊಬ್ಬನೇ.

"ಕಾಣಿಸ್ತು," ಎಂದೆ.

ಅಕ್ಕ ಕೂಗಾಡಲಿಲ್ಲ. ಕಾಗದಗಳನ್ನು ಬಿಲ್ಡರ್ ಕಡೆ ತಳ್ಳಿದಳು. ಅಂಗಡಿಯವರ ಹತ್ತಿರ ಸಂಡಿಗೆಯ ಲೆಕ್ಕ ಹೇಳುವಾಗ ಇರುವಂಥದೇ ದನಿ.

"ಈ ಟೆರೇಸಿನ ಮನೆ ನನ್ನ ತಮ್ಮನ ಹೆಸರಿಗೆ ಬರೀರಿ. ಮೇಲಿಂದು ನನಗೆ. ಲಿಫ್ಟ್ ಇರುತ್ತಲ್ಲ, ಹತ್ಕೊಂಡು ಹೋಗ್ತೀನಿ. ಇವನು ಹೂಂ ಅಂದ್ರೆ ಈಗ್ಲೇ ಸೈನ್ ಮಾಡ್ತೀನಿ."

ಬಿಲ್ಡರ್ ನನ್ನ ಮುಖ ನೋಡಿದ. ಅವನಿಗೆ ಯಾರು ಎಲ್ಲಿದ್ದರೂ ಒಂದೇ. ಭಾವ ನನ್ನ ಮುಖ ನೋಡಿದರು. ಬೇಡ ಎನ್ನಲು ನನಗೆ ಒಂದೇ ಕಾರಣ ಇತ್ತು, ಅಲ್ಲಿ ಬಿಸಿಲು ಬೀಳುವುದಿಲ್ಲ ಎಂಬ ಕಾರಣ. ಅದನ್ನು ಅಕ್ಕನ ಮುಂದೆ ಯಾವ ಬಾಯಲ್ಲಿ ಹೇಳಲಿ? ಹೂಂ ಎಂದೆ.

ಕಟ್ಟಡ ಮುಗಿದು ವರ್ಷವಾಯಿತು. ನಾನಿರುವುದು ಮೊದಲನೇ ಮಹಡಿಯಲ್ಲಿ. ಟೆರೇಸಿನಿಂದ ಕೈ ಚಾಚಿದರೆ ಪೀಜಿಯ ಬಚ್ಚಲುಮನೆಗಳ ಪೈಪು ಸಿಗುತ್ತದೆ. ಈಗ ಬೆಳಿಗ್ಗೆ ಹತ್ತೂಕಾಲು, ಇದನ್ನು ಲೈಟು ಹಾಕಿಕೊಂಡು ಬರೆಯುತ್ತಿದ್ದೇನೆ.