ಕಳಚಿ ಬೀಳುವ ಪುಟ

ಟೈಲರಕ್ಕ ಎಂದರೆ ಬೀದಿಗೆಲ್ಲ ಗೊತ್ತು. ಶಾಲೆ ಮಕ್ಕಳ ಸಮವಸ್ತ್ರ ಹೊಲಿಯುತ್ತಿದ್ದವಳು. ಅಳತೆ ಟೇಪು ಕೊರಳಲ್ಲಿ, ಗುಂಡುಸೂಜಿ ತುಟಿಯಲ್ಲಿ, ಕೋಪ ಮೂಗಿನ ತುದಿಯಲ್ಲಿ. ಒಂದು ಬೆಳಿಗ್ಗೆ ಕತ್ತರಿ ಹಿಡಿದಿದ್ದಾಗಲೇ ಲಕ್ವ ಹೊಡೆದು ಬಲಗೈ ಬಿದ್ದುಹೋಯಿತು. ಮಾತು ತೊದಲಿದರೂ ಉಳಿಯಿತು.

ಫಿಸಿಯೋಥೆರಪಿಯವಳು ರಬ್ಬರ್ ಚೆಂಡು ಕೊಟ್ಟು, "ದಿನಾ ಹಿಚುಕಿ ಅಮ್ಮಾ" ಎಂದು ಹೇಳಿ ಹೋದಳು. "ನಾನೇನು ಎಳೆಗೂಸಾ?" ಎಂದ ಅಕ್ಕ ಅದನ್ನು ಮುಟ್ಟಲೇ ಇಲ್ಲ. ಗಂಡ ಬಸ್ ಡ್ರೈವರ್. ಎಂಥ ಸಂದಿಯಲ್ಲೂ ಬಸ್ಸು ತಿರುಗಿಸಿದವನು, ಹೆಂಡತಿಯ ಮನಸ್ಸು ತಿರುಗಿಸಲಾರದೆ ಹೋದ. ಗೋಗರೆದ, ಗದರಿದ, ಕೊನೆಗೆ ಸುಮ್ಮನೆ ಪಕ್ಕದಲ್ಲಿ ಕೂತ.

ಒಂದು ಭಾನುವಾರ ಮಗಳು ಲ್ಯಾಪ್‌ಟಾಪ್ ತಂದಿಟ್ಟಳು. ನೋಡಲು ಎಲ್ಲದರಂಥದೇ ವೆಬ್ ಪುಟ.

"ಅಮ್ಮಾ, ಆ ಮೂಲೆ ಚುಕ್ಕಿ ಒತ್ತು."

ಗಂಡ ಅವಳ ಬಲಗೈಯನ್ನು ಮೌಸಿನ ಮೇಲಿಟ್ಟು ಹಿಡಿದುಕೊಂಡ. ಒತ್ತಿದ್ದೇ ತಡ, ಅಕ್ಷರ, ಚಿತ್ರ, ಹುಡುಕುವ ಚೌಕ ಎಲ್ಲ ದಬದಬ ಕಳಚಿ ಬಿದ್ದು ರಾಶಿಯಾದವು.

"ಅಯ್ಯೋ, ಮುರಿದೇಬಿಟ್ಯಲ್ಲೇ!" ಡ್ರೈವರ್ ಎದ್ದೇ ನಿಂತ.

ಅಕ್ಕ ನಕ್ಕಳು. ಕಾಯಿಲೆ ಬಿದ್ದ ಮೇಲೆ ಅದೇ ಮೊದಲ ನಗು.

ಅದೊಂದು ಆಟ. ಬಿದ್ದದ್ದನ್ನು ಮೌಸಿನಿಂದಲೇ ಹಿಡಿದೆಳೆದು ಎಸೆಯಬಹುದಿತ್ತು. ಎಸೆದರೆ ಪರದೆಯ ಅಂಚಿಗೆ ಬಡಿದು ಪುಟಿಯುತ್ತಿತ್ತು. ದಿನಾ ತಿಂಡಿ ಮುಗಿದೊಡನೆ ಅದೇ ಕೆಲಸ. ಮೊದಮೊದಲು ಗಂಡ ಮಣಿಕಟ್ಟು ಹಿಡಿಯುತ್ತಿದ್ದ. ಬರಬರುತ್ತಾ, "ಬಿಡ್ರೀ, ನೀವು ಸ್ಟೀರಿಂಗ್ ತಿರುಗಿಸಿದ ಹಾಗೆ ಎಳೀತೀರ" ಎಂದು ಅವಳೇ ಬಿಡಿಸಿಕೊಂಡಳು. ಬೆರಳುಗಳು ಒಂದೊಂದಾಗಿ ಮಾತು ಕೇಳತೊಡಗಿದವು.

ಆಮೇಲೊಂದು ದಿನ ಪುಟವೇ ತೆರೆಯಲಿಲ್ಲ. 'ಈ ಪುಟ ಈಗಿಲ್ಲ' ಎಂಬ ಒಂದು ಸಾಲು, ಅಷ್ಟೇ.

"ಮಾಡಿದವನಿಗೆ ಫೋನ್ ಮಾಡು" ಎಂದ ಡ್ರೈವರ್.

"ಯಾರಿಗೆ ಅಂತ ಮಾಡ್ಲಪ್ಪಾ? ಯಾರೋ ತಮಾಷೆಗೆ ಇಟ್ಟಿದ್ರು, ಸಾಕೆನ್ನಿಸಿತು, ತೆಗೆದ್ರು."

"ಇಲ್ಲೊಬ್ಬಳು ಕಾಯ್ತಾ ಕೂತಿದಾಳೆ ಅಂತ ಹೇಳೋಕೂ ಆಗಲ್ವಾ?"

ಮಗಳು ಬೇರೆ ಆಟ ಹುಡುಕಿ ತೋರಿಸಿದಳು: ಪುಟಿಯುವ ಚೆಂಡು, ಸುರಿಯುವ ಮರಳು. ಅಕ್ಕ ಮುಖ ತಿರುಗಿಸಿದಳು. "ಇವು ಬೀಳೋಕೆ ಅಂತಲೇ ಇರೋವು. ಅದು ಹಾಗಲ್ಲ. ನೆಟ್ಟಗೆ ನಿಂತದ್ದು ಬೀಳ್ತಿತ್ತು."

ಡ್ರೈವರ್‌ಗೆ ದಿಕ್ಕೇ ತೋಚಲಿಲ್ಲ. ಗುಂಡಿ ಡಬ್ಬಿ ತಂದು ಮೇಜಿನ ಮೇಲೆ ಸುರಿದ. "ಎಸಿ, ಎಷ್ಟು ಬೇಕಾದ್ರೂ ಎಸಿ. ನಾನು ಆರಿಸಿ ಕೊಡ್ತೀನಿ."

ಅವಳು ಒಂದು ಗುಂಡಿ ಹಿಡಿದಳು, ಜಾರಿತು. ಇನ್ನೊಂದು ಹಿಡಿದಳು, ಅದೂ ಜಾರಿತು.

"ಸಾಕು ಕಣ್ರೀ."

ಅವನು ಮಂಡಿಯೂರಿ ಮೇಜಿನ ಕೆಳಗಿನ ಗುಂಡಿಗಳನ್ನು ಆರಿಸುತ್ತ, ಮುಖ ತೋರಿಸಲಾರದೆ ಅಲ್ಲೇ ಬಹಳ ಹೊತ್ತು ಇದ್ದ.

ಕೈ ಅಷ್ಟಕ್ಕೇ ನಿಂತಿತು. ಲೋಟ ಹಿಡಿಯುತ್ತದೆ, ಸೂಜಿ ಹಿಡಿಯುವುದಿಲ್ಲ. ಬಟ್ಟೆ ಹೊತ್ತು ಬಂದವರಿಗೆ ಡ್ರೈವರೇ ಬಾಗಿಲಲ್ಲಿ ನಿಂತು, "ಈ ವರ್ಷ ಆಗಲ್ಲಮ್ಮಾ" ಎನ್ನುತ್ತಾನೆ. ಹೋದ ವರ್ಷವೂ ಹಾಗೇ ಅಂದಿದ್ದ.