ಬಲಮೂಲೆಯ ಬೊಟ್ಟು

ಯಾರ ಮನೆಗೆ ಹೋದರೂ ನನ್ನ ಕಣ್ಣು ಮೊದಲು ಓಡುವುದು ಅವರ ಕಂಪ್ಯೂಟರ್ ಪರದೆಯ ಕೆಳಗಿನ ಬಲಮೂಲೆಗೆ. ಗೋಡೆಯ ಮೇಲೆ ಅವರ ತಾತನ ಫೋಟೋ ಇರಬಹುದು, ಷೋಕೇಸಿನಲ್ಲಿ ಮಗಳು ಗೆದ್ದು ತಂದ ಕಪ್ಪುಗಳಿರಬಹುದು, ಅವೆಲ್ಲ ಆಮೇಲೆ. ಆ ಮೂಲೆಯಲ್ಲಿ ಅಂಥದ್ದೇನಿರುತ್ತದೆ ಎಂದು ಕೇಳಿದರೆ, ಸಾಮಾನ್ಯವಾಗಿ ಏನೂ ಇರುವುದಿಲ್ಲ, ಒಂದಿಷ್ಟು ಧೂಳಿರುತ್ತದೆ. ಆದರೂ ನೋಡುತ್ತೇನೆ. ಒಬ್ಬ ಕನ್ನಡ ಮೇಷ್ಟ್ರಿಗೆ ಈ ಚಟ ಹೇಗೆ ಅಂಟಿಕೊಂಡಿತು ಎಂದು ತಿಳಿಯಲು ನೀವು ನನ್ನ ಜೊತೆ ಸ್ವಲ್ಪ ಹಿಂದಕ್ಕೆ, ಕಂಪ್ಯೂಟರುಗಳಿಗೆ ಇನ್ನೂ ಟಿ.ವಿ.ಯಂಥ ದೊಡ್ಡ ಹೊಟ್ಟೆಯಿದ್ದ ಕಾಲಕ್ಕೆ ಬರಬೇಕು.

ಆಗ ನಾನು ಹಲಸೂರಿನ ಒಂದು ಕಾಲೇಜಿನಲ್ಲಿ ಪಾಠ ಹೇಳುತ್ತಿದ್ದೆ. ಇರುತ್ತಿದ್ದುದು ರಾಮಮೂರ್ತಿ ನಗರದಲ್ಲಿ, ಹೆಂಡತಿಯ ತವರಿನಲ್ಲಿ. ಮನೆ ಅಳಿಯ ಅನ್ನಿ, ನನಗೆ ಬೇಜಾರಿಲ್ಲ. ಅತ್ತೆಯ ಕೈಯಡುಗೆ ತಿಂದಿದ್ದರೆ ನೀವೂ ಆಗುತ್ತಿದ್ದಿರಿ. ಆ ಮನೆ ನಿಂತಿದ್ದುದು ಮಾವನವರ ರಾಗಿ ಹೊಲದ ಮೇಲೆ. ಅಕ್ಕಪಕ್ಕದ ಮನೆಗಳು, ಎದುರಿನ ಬೇಕರಿ, ಮೂಲೆಯ ಛತ್ರ ಎಲ್ಲವೂ ಅದೇ ಹೊಲದ ಮೇಲೆ ನಿಂತಿದ್ದವು. ಹೊಲ ಸೈಟುಗಳಾದ ಮೇಲೆ ಮಾವನವರಿಗೆ ಯಾವುದಕ್ಕೂ ಕೊರತೆಯಿರಲಿಲ್ಲ, ಕೈಗೆ ಮಾತ್ರ ಕೆಲಸವಿರಲಿಲ್ಲ. ಬೆಳಿಗ್ಗೆ ಎದ್ದು ಗೇಟಿನ ಬಳಿ ನಿಂತು, ರಸ್ತೆಯಲ್ಲಿ ತಿರುಗುವ ನೀರಿನ ಟ್ಯಾಂಕರುಗಳಿಗೆ "ಇನ್ನೊಂಚೂರು ಎಡಕ್ಕೆ, ಇನ್ನೊಂಚೂರು" ಎಂದು ದಾರಿ ತೋರಿಸುತ್ತಿದ್ದರು. ಟ್ಯಾಂಕರಿನವರು ಅವರ ಮಾತು ಕೇಳುತ್ತಿರಲಿಲ್ಲ.

ಪ್ರಶ್ನೆಪತ್ರಿಕೆ ಟೈಪು ಮಾಡುವ ನೆಪದಲ್ಲಿ ನಾನು ಕಂಪ್ಯೂಟರ್ ತಂದೆ. ಜೊತೆಗೆ ಶಿವಾಜಿನಗರದ ಒಂದು ಗೂಡಂಗಡಿಯಿಂದ ಕ್ರಿಕೆಟ್ ಆಟದ ಸಿ.ಡಿ.ಯೊಂದನ್ನೂ ತಂದು ಹಾಕಿದೆ. ಒಂದು ಮಧ್ಯಾಹ್ನ ಮಾವನವರು ಸುಮ್ಮನೆ ಕುಳಿತು ಒಂದು ಗುಂಡಿ ಒತ್ತಿದರು. ಚೆಂಡು ಲೆಗ್ ಸೈಡಿನಲ್ಲಿ ಹಾರಿ ಜನರ ಮಧ್ಯೆ ಬಿತ್ತು. ಮತ್ತೆ ಒತ್ತಿದರು, ಮತ್ತೆ ಅಲ್ಲೇ ಬಿತ್ತು. ಅಂದಿನಿಂದ ರಾಮಮೂರ್ತಿ ನಗರದ ಟ್ಯಾಂಕರುಗಳಿಗೆ ದಿಕ್ಕು ತೋರಿಸುವವರಿಲ್ಲವಾದರು.

ಅವರಿಗೆ ರನ್ನೂ ರಾಗಿಯೂ ಒಂದೇ. "ಈ ಸಲ ಚೆನ್ನಾಗ್ ಬಂತು ಅಳಿಯಂದ್ರೆ, ಮುನ್ನೂರು ದಾಟ್ತು" ಎನ್ನುತ್ತಿದ್ದರು. ಕೆ.ಆರ್. ಪುರದಲ್ಲಿ ನೆಂಟರ ಮದುವೆಯಾದರೆ ಊಟದ ಪಂಕ್ತಿಯಲ್ಲಿ ಕುಳಿತವರಿಗೆಲ್ಲ ತಮ್ಮ ಸಿಕ್ಸರುಗಳನ್ನು ವರ್ಣಿಸುತ್ತಿದ್ದರು. ಕಂಪ್ಯೂಟರನ್ನೇ ಕಾಣದ ಬಂಧುಗಳು, ಇವರು ಮೈದಾನಕ್ಕೇ ಇಳಿದು ಹೊಡೆದರೆಂದು ತಿಳಿದು, "ಈ ವಯಸ್ಸಲ್ಲಿ ಯಾಕಣ್ಣ, ಮಂಡಿ ಹುಷಾರು" ಎಂದು ಕಾಳಜಿ ಮಾಡುತ್ತಿದ್ದರು. ಮಾವನವರು ಅದನ್ನು ತಿದ್ದಲು ಹೋಗುತ್ತಿರಲಿಲ್ಲ. ಒಂದೆರಡು ಸಲ ಮಂಡಿ ನೀವಿಕೊಂಡದ್ದನ್ನೂ ನಾನು ನೋಡಿದ್ದೇನೆ.

ಹೀಗಿರುವಾಗ ಮೇಲಿನ ಮನೆಯ ಬಾಡಿಗೆದಾರ ಶರಣಪ್ಪ ಒಂದು ಭಾನುವಾರ ಕೆಳಗೆ ಬಂದರು. ರಾಯಚೂರು ಕಡೆಯವರು, ಗರುಡಾಚಾರ್‌ಪಾಳ್ಯದ ಒಂದು ಕಾರ್ಖಾನೆಯ ಸ್ಟೋರಿನಲ್ಲಿ ಕೆಲಸ. ಆಫೀಸಿನವರು ಬೇಡವೆಂದು ಬಿಟ್ಟ ಹಳೆಯ ಕಂಪ್ಯೂಟರೊಂದು ಅವರ ಮನೆಯಲ್ಲಿತ್ತು, ಅದರಲ್ಲೂ ಇದೇ ಕ್ರಿಕೆಟ್ ಆಟವಿತ್ತು. ಮಾವನವರು ಉಪಚಾರಕ್ಕೆಂದು ಅವರಿಗೂ ಬ್ಯಾಟಿಂಗ್ ಕೊಟ್ಟರು. ಅವರೂ ನೂರು ಹೊಡೆದರು. ಹೊಡೆದವರು ಖುಷಿಪಡದೆ ತಲೆ ಕೆರೆದುಕೊಂಡರು.

"ಯಜಮಾನ್ರ, ಸಿಟ್ಟಾಗಬ್ಯಾಡ್ರಿ. ನಮ್ಮ ಮನ್ಯಾಗ ನಾ ಇಪ್ಪತ್ತು ಹೊಡಿಯೂದ್ರಾಗ ಔಟ್ ಆಗ್ತೀನಿ. ಇಲ್ಲಿ ನೋಡಿದ್ರ ಒಂದೇ ಗುಂಡಿಗೆ ಸೆಂಚುರಿ ಆತು. ನಿಮ್ದು ಹಳೇ ವರ್ಷನ್ ಇರಬೇಕ್ರಿ."

ವಿಷಯ ಇಷ್ಟು. ಆಟ ಮಾಡಿದ ಕಂಪನಿಯವರು ಮೊದಲ ವರ್ಷನ್ನಿನಲ್ಲಿ ಒಂದು ತಪ್ಪು ಮಾಡಿದ್ದರಂತೆ. ಲೆಗ್ ಸೈಡಿನ ಆ ಗುಂಡಿ ಯಾರು ಒತ್ತಿದರೂ ಸಿಕ್ಸ್. ಎರಡನೆಯ ವರ್ಷನ್ನಿನಲ್ಲಿ ಸರಿಮಾಡಿದರಂತೆ. ಆಟ ತೆರೆದಾಗ ಪರದೆಯ ಕೆಳಗಿನ ಬಲಮೂಲೆಯಲ್ಲಿ ಇರುವೆಯಷ್ಟು ಸಣ್ಣದಾಗಿ ಒಂದು ಅಂಕಿ ಬರುತ್ತದೆ, ಅದನ್ನು ನೋಡಿದರೆ ಹಳೆಯದೋ ಹೊಸದೋ ಗೊತ್ತಾಗುತ್ತದೆ ಎಂದರು ಶರಣಪ್ಪ.

"ವರ್ಷನ್ನೂ ಇಲ್ಲ ಗಿರ್ಷನ್ನೂ ಇಲ್ಲ ಕಣಪ್ಪ, ಜಾಗದ ಗುಣ ಅದು," ಎಂದರು ಮಾವ. "ಈ ರೂಮಿರೋದು ನಮ್ಮ ಬಾವಿ ಪಕ್ಕದ ಹೊಲದ ಮೇಲೆ. ಏನ್ ಹಾಕಿದ್ರೂ ಬರೋದು ಇಲ್ಲಿ. ನಿನ್ನ ಮನೇಲಿ ಮಣ್ಣೆಲ್ಲೈತೆ? ಬರೀ ಸಿಮೆಂಟು."

ಮಾತೇನೋ ಜೋರಾಗಿಯೇ ಬಂತು. ಆದರೆ ಶರಣಪ್ಪ ಹೋದ ಮೇಲೆ ಅವರು ಆಡಲಿಲ್ಲ. ಮರುದಿನವೂ ಆಡಲಿಲ್ಲ, ಗೇಟಿನ ಬಳಿ ಹೋಗಿ ನಿಂತರು, ಟ್ಯಾಂಕರಿಗೂ ಏನೂ ಹೇಳಲಿಲ್ಲ. ಸಂಜೆ ನನ್ನನ್ನು ಪಕ್ಕಕ್ಕೆ ಕರೆದು ಕೇಳಿದರು: "ಅಳಿಯಂದ್ರೆ, ನೀವು ಓದ್ದೋರು, ನೋಡಿ ಹೇಳ್ಬಿಡಿ. ಅದನ್ನೆಲ್ಲಾ ಹೊಡ್ದಿದ್ದು ನಾನಾ, ಇಲ್ಲಾ ಅದೇ ಹೋಗ್ತಿತ್ತಾ?"

ನನಗೆ ಸಂಕಟವಾಯಿತು. ಮನೆ, ಬಾಡಿಗೆ, ಸೈಟು ಎಲ್ಲ ಅವರಪ್ಪನ ಹೊಲದಿಂದ ಬಂದದ್ದು. ತಾವೇ ಗಳಿಸಿದ್ದೆಂದು ಆ ಮನುಷ್ಯ ಎದೆಯುಬ್ಬಿಸಿ ಹೇಳುತ್ತಿದ್ದುದು ಆ ರನ್ನುಗಳನ್ನು ಮಾತ್ರ. ಈಗ ಒಂದು ಅಂಕಿ ಅವನ್ನೂ ಕಿತ್ತುಕೊಳ್ಳುವ ಹಾಗಿತ್ತು. ನೋಡುತ್ತೇನೆ ಎಂದು ಧೈರ್ಯ ಹೇಳಿ ಕಂಪ್ಯೂಟರ್ ಹಾಕಿದೆ.

ಕೆಳಗಿನ ಬಲಮೂಲೆಯಲ್ಲಿ ಬೊಟ್ಟಿತ್ತು.

ಆಯುಧಪೂಜೆಯ ದಿನ ಅತ್ತೆ ಮಿಕ್ಸಿಗೆ, ಫ್ರಿಜ್ಜಿಗೆ, ನನ್ನ ಸ್ಕೂಟರಿಗೆ ಬೊಟ್ಟಿಟ್ಟು ಕೊನೆಗೆ ಕಂಪ್ಯೂಟರಿಗೂ ಇಟ್ಟಿದ್ದರು. ಮಧ್ಯದಲ್ಲಿಟ್ಟರೆ ಆಡುವವರಿಗೆ ಅಡ್ಡವಾದೀತೆಂದು ವಿವೇಚನೆಯಿಂದ ಮೂಲೆಯಲ್ಲಿಟ್ಟಿದ್ದರು. ಗಂಧ ಕಲೆಸಿದ ಗಟ್ಟಿ ಕುಂಕುಮ, ಎಂಟಾಣೆಯಷ್ಟಗಲ. ಒರೆಸಲೇ ಎಂದು ಕೇಳಿದ್ದಕ್ಕೆ ಅವರು ಕೈಯಲ್ಲಿದ್ದ ಸೌಟನ್ನು ಕೆಳಗಿಟ್ಟರು.

"ಕುಂಕುಮ ಒರೆಸ್ತೀರಾ? ನಮ್ಮ ಯಜಮಾನ್ರು ಕೂತು ಆಡೋ ಪೆಟ್ಟಿಗೆದು? ತಾನಾಗೇ ಉದುರೋವರ್ಗೂ ಯಾರೂ ಮುಟ್ಟೋ ಹಂಗಿಲ್ಲ."

ಮುತ್ತೈದೆಯೊಬ್ಬರು ಹೀಗೆಂದ ಮೇಲೆ ವಿಜ್ಞಾನ ಅಲ್ಲಿಗೆ ನಿಲ್ಲುತ್ತದೆ. ನಾನು ಬಳಸುದಾರಿ ಹಿಡಿದೆ. ಗಾಜಿಗೆ ಕೆನ್ನೆಯೊತ್ತಿ ಬೊಟ್ಟಿನ ಪಕ್ಕದಿಂದ ಇಣುಕಿದೆ; ತಲೆಗೂದಲೆಲ್ಲ ಪರದೆಯ ಕಡೆಗೆ ನೆಟ್ಟಗೆ ನಿಂತಿತು, ಅಂಕಿ ಕಾಣಲಿಲ್ಲ. ಸಹೋದ್ಯೋಗಿಯೊಬ್ಬರು ಹೇಳಿಕೊಟ್ಟಂತೆ ಮೌಸ್ ಎಂಬ ಇಲಿಯ ಬಲಕಿವಿ ಒತ್ತಿ ಆಟದ ಪೂರ್ವಾಪರ ವಿಚಾರಿಸಿದೆ. ಅದರ ಗಾತ್ರ ಗೊತ್ತಾಯಿತು, ವರ್ಷನ್ ಇರಬೇಕಾದ ಕಡೆ ಖಾಲಿ. ಕಳ್ಳ ಸಿ.ಡಿ.ಗಳಿಗೆ ಜಾತಕ ಬರೆಸಿರುವುದಿಲ್ಲ. ಕೊನೆಗೆ ಶಿವಾಜಿನಗರದ ಅಂಗಡಿಗೇ ಹೋಗಿ, ನೀವು ಕೊಟ್ಟದ್ದು ಹಳೆಯದೋ ಹೊಸದೋ ಎಂದು ಕೇಳಿದೆ.

"ನಂ ಹತ್ರ ಹಳೇದು ಬರೋದೇ ಇಲ್ಲ ಸಾರ್. ಸಬ್ ಫ್ರೆಶ್. ಬೆಳಿಗ್ಗೆನೇ ಬಂದಿದ್ದು," ಎಂದ ಅಂಗಡಿಯವನು.

ನಾನು ಕೊಂಡದ್ದು ಆರು ತಿಂಗಳ ಹಿಂದೆ ಎಂದೆ.

"ಅದೂ ಬೆಳಿಗ್ಗೆನೇ ಬಂದಿತ್ತು ಸಾರ್."

ಬಸ್ಸಿನಲ್ಲಿ ಹಿಂದಿರುಗುವಾಗ ಯೋಚಿಸಿದೆ. ನಮ್ಮ ಕಸುಬಿಗೆ ಇದು ಹೊಸ ಫಜೀತಿಯಲ್ಲ. ಒಂದು ಓಲೆಗರಿಯ ಕಟ್ಟು ಸಿಕ್ಕರೆ ಸಾಕು, ಇದು ಕವಿಯೇ ಬರೆದದ್ದೋ ನಡುವೆ ಯಾವನೋ ನಕಲುಗಾರ ತಿದ್ದಿದ್ದೋ ಎಂದು ವಿದ್ವಾಂಸರು ಜನ್ಮವಿಡೀ ಜಗಳವಾಡುತ್ತಾರೆ. ನಾವು ಪಾಠಾಂತರ ಎನ್ನುವುದನ್ನೇ ಶರಣಪ್ಪ ವರ್ಷನ್ ಎನ್ನುತ್ತಾರೆ. ಇನ್ನು ಹಳ್ಳಿಗಳ ವೀರಗಲ್ಲುಗಳನ್ನು ನೋಡಿ. ಎಣ್ಣೆ, ಅರಿಶಿನ, ಕುಂಕುಮ ಮೆತ್ತಿ ಮೆತ್ತಿ ಅಕ್ಷರವೇ ಕಾಣದು. ಸತ್ತವನು ಯಾರು, ಕಾಳಗ ಯಾವುದು, ನಿಜವಾಗಿ ಕಾದಿದನೋ ಓಡುವಾಗ ಬಿದ್ದನೋ, ಪೂಜೆ ಮಾಡುವವರಿಗೆ ಒಂದೂ ಗೊತ್ತಿಲ್ಲ. ಆ ಬೊಟ್ಟುಗಳು ಓದು ಬಾರದ ಜನ ಮಾಡಿದ ಅನಾಹುತ ಎಂದು ನಾನು ತರಗತಿಯಲ್ಲಿ ಹೇಳುತ್ತಿದ್ದೆ.

ಉಪಾಯ ಶರಣಪ್ಪನವರಿಗೇ ಹೊಳೆಯಿತು. "ನಿಮ್ಮ ಡಬ್ಬಿ ಮ್ಯಾಲ ತರ್ರಿ. ನಮ್ಮ ಕಂಪ್ಯೂಟರ್ ಪರದಿಗಿ ಹಚ್ಚೂಣು. ಬೊಟ್ಟಿನ ತಂಟೆನೂ ಇಲ್ಲ, ಮಣ್ಣಿನ ಗುಣ ಹೌದೋ ಅಲ್ಲೋ ಅದೂ ತಿಳೀತದ."

ಮಾವನವರಿಗೆ ಬೇಡವೆನ್ನುವ ದಾರಿಯಿರಲಿಲ್ಲ. ಶುಕ್ರವಾರ ಸಂಜೆ ಮೆರವಣಿಗೆ ಹೊರಟಿತು. ಮುಂದೆ ಕಂಪ್ಯೂಟರಿನ ಡಬ್ಬ ಎತ್ತಿಕೊಂಡು ನಾನು, ಹಿಂದೆ ಇಲಿಯ ವೈರನ್ನು ಕೊರಳಿಗೆ ಸುತ್ತಿಕೊಂಡು ಮಾವ, ಮೆಟ್ಟಿಲ ಬುಡದಲ್ಲಿ "ಜೋಪಾನ" ಎನ್ನುತ್ತಾ ಅತ್ತೆ. ಮಾವನವರು ಆಸ್ಪತ್ರೆಗೆ ಹೊರಟವರ ಹಾಗೆ ಒಂದೊಂದೇ ಮೆಟ್ಟಿಲು ಹತ್ತಿದರು. ಕನ್ನಡಕವನ್ನು ಕೆಳಗೇ ಬಿಟ್ಟು ಬಂದಿದ್ದರು.

ನಾನು ಮೇಜಿನ ಹಿಂದೆ ನುಗ್ಗಿ ವೈರು ಸಿಕ್ಕಿಸಿದೆ. ಆಟ ತೆರೆಯಿತು, ಸಂಗೀತ ಕೇಳಿಸಿತು. ಪರದೆಯ ಮುಂದೆ ನಿಂತಿದ್ದ ಶರಣಪ್ಪ ಬಗ್ಗಿ ನೋಡಿದರು, ಮುಖ ಅರಳಿತು.

"ನಾ ಹೇಳಿದ್ದಿಲ್ಲೇನ್ರಿ…"

ಅಷ್ಟರಲ್ಲಿ ಅವರ ಹೆಂಡತಿ ಮಹಾದೇವಿ ಕುಂಕುಮದ ಭರಣಿ, ಎಣ್ಣೆಯ ಬಟ್ಟಲು ಹಿಡಿದು ಒಳಗಿನಿಂದ ಬಂದರು. "ಯಜಮಾನ್ರ ಪೆಟಿಗಿ ಮೊದಲ್ನೇ ಸಲ ನಮ್ಮ ಮನಿಗಿ ಬಂದದ, ಅದೂ ಶುಕ್ರವಾರ. ಬರೇ ಹಣೀಲೆ ಇಡ್ತಾರೇನು?" ಎನ್ನುತ್ತಾ ಹೆಬ್ಬೆರಳನ್ನು ಎಣ್ಣೆಯಲ್ಲದ್ದಿ, ಕುಂಕುಮದಲ್ಲೊತ್ತಿ, ಪರದೆಯ ಕೆಳಗಿನ ಬಲಮೂಲೆಗೆ ಒಂದು ಬೊಟ್ಟಿಟ್ಟರು. "ಕೆಳಗ ಅಮ್ಮಾರು ಇಲ್ಲೇ ಹಚ್ಚ್ಯಾರ." ಹಾಗೆಂದು ಗಂಡನ ಮುಖವನ್ನೇ ನೋಡಿದರು.

ನಾನು ಮೇಜಿನ ಹಿಂದಿನಿಂದ ಎದ್ದು ಬರುವಷ್ಟರಲ್ಲಿ ಬೊಟ್ಟು ಮಾತ್ರ ಇತ್ತು.

"ಏನಂತೆ?" ಎಂದರು ಮಾವ. ದನಿ ಸಣ್ಣಗಿತ್ತು.

ಶರಣಪ್ಪ ತೆರೆದ ಬಾಯನ್ನು ಮುಚ್ಚಿ, ಮತ್ತೆ ತೆರೆದರು. "ಕಾಣವಲ್ದ್ರಿ ಯಜಮಾನ್ರ. ನೀವು ಆಡ್ರಿ."

ಮಾವ ಕುಳಿತು ಗುಂಡಿ ಒತ್ತಿದರು. ಸಿಕ್ಸ್. ಮತ್ತೆ ಸಿಕ್ಸ್. ಅವರು ಕೆಳಗೆ ಸಿಮೆಂಟಿನ ನೆಲ ನೋಡಿದರು, ಪರದೆ ನೋಡಿದರು, ಆಮೇಲೆ ತಮ್ಮ ಅಂಗೈಯನ್ನೇ ತಿರುಗಿಸಿ ತಿರುಗಿಸಿ ನೋಡಿಕೊಂಡರು.

"ಮಣ್ಣಿಲ್ದೆ ಇರೋ ಕಡೇನೂ ಬರ್ತೈತಲ್ಲೋ! ಹಂಗಾರೆ ಇದು ಜಾಗದ ಗುಣ ಅಲ್ಲ ಕಣಪ್ಪ," ಎಂದರು. "ಕೈಗುಣ. ತಗೋ, ನೀನೂ ಹೊಡಿ."

ಊಟ ಬಿಟ್ಟಾದರೂ ಬ್ಯಾಟಿಂಗ್ ಮಾಡುವ ಶರಣಪ್ಪ ಎರಡೂ ಕೈ ಹಿಂದಕ್ಕೆ ಕಟ್ಟಿಕೊಂಡರು. "ನಾ ಒಲ್ಲೆರಿ. ಚಾ ಆರ್ತದ." ಚಹಾ ಇನ್ನೂ ಒಲೆಯ ಮೇಲಿತ್ತು. ಆ ಗಂಡಹೆಂಡಿರ ಮೇಲೆ ನನಗೆ ಅಂದು ಹುಟ್ಟಿದ ಪ್ರೀತಿ ಇಂದಿಗೂ ಕರಗಿಲ್ಲ. ವೀರಗಲ್ಲಿನ ಕುಂಕುಮದ ಬಗ್ಗೆ ತರಗತಿಯಲ್ಲಿ ಹೇಳುತ್ತಿದ್ದ ಮಾತನ್ನೂ ಅಂದಿಗೇ ಬಿಟ್ಟೆ.

ಮುಂದಿನ ಆಯುಧಪೂಜೆಯ ಹೊತ್ತಿಗೆ ಕೆಳಗಿನ ಮನೆಯ ಹಳೆಯ ಬೊಟ್ಟು ಒಣಗಿ, ಒಂದು ಬದಿಯಿಂದ ಉದುರತೊಡಗಿತ್ತು. ಅತ್ತೆ ಇನ್ನೂ ಸ್ಕೂಟರಿನ ಹತ್ತಿರವಿದ್ದರು. ಯಾರಿಗೂ ಹೇಳದೆ ನಾನೇ ಕುಂಕುಮದ ಬಟ್ಟಲು ಹಿಡಿದು ಕಂಪ್ಯೂಟರಿನ ಬಳಿ ಹೋದೆ. ಮಾವನವರು ಕುರ್ಚಿಯಲ್ಲಿ ಕುಳಿತು ಮ್ಯಾಚಿನ ಮಧ್ಯದಲ್ಲಿದ್ದರು. ನಾನು ಬೆರಳು ಚಾಚಿ ಅಂದಾಜಿನ ಮೇಲೆ ಇಡಲು ಹೊರಟೆ.

ಅವರು ಆಟದಿಂದ ಕಣ್ಣು ಕೀಳದೆ ಹೇಳಿದರು:

"ಇನ್ನೊಂಚೂರು ಬಲಕ್ಕೆ, ಅಳಿಯಂದ್ರೆ. ಇನ್ನೊಂಚೂರು."