ನೂಲೆಲ್ಲ ಕೆಂಪಾದ ದಿನ

ಜರ್ಮನ್ ಯುದ್ಧ ಮುಗಿದು ಏಳೆಂಟು ವರ್ಷವಾಗಿತ್ತು. ಒಂದು ಬೆಳಿಗ್ಗೆ ಬೆಳಗಾವಿ ಕ್ಯಾಂಪಿನ ಸೈನಿಕರು ಹೇಸರಗತ್ತೆ, ಅಡಿಗೆಯ ಹಂಡೆ ಸಮೇತ ಖಾನಾಪುರದ ರಸ್ತೆ ಹಿಡಿದರು. ಅದನ್ನು ಕಂಡ ಹಾಲಿನವಳು ವಡಗಾವಿಯ ನಮ್ಮ ಓಣಿಗೆ ಬಂದು, "ಮತ್ತ ಯುದ್ಧ ಸುರು ಆತ್ರಿ!" ಅಂದಳು. ಯಾರ ಮೇಲೆ ಯಾರ ಯುದ್ಧ ಅಂತ ಒಬ್ಬರೂ ಕೇಳಲಿಲ್ಲ.

ನಮ್ಮಪ್ಪ ನೇಕಾರರ ನೂಲಿಗೆ ಬಣ್ಣ ಹಾಕಿಕೊಡುತ್ತಿದ್ದ. ಹಿಂದಿನ ಯುದ್ಧದಲ್ಲಿ ಜರ್ಮನಿಯ ಬಣ್ಣದ ಡಬ್ಬಿ ಬರುವುದು ನಿಂತು, ಸೀರೆಗಳು ಒಂದೇ ಒಗೆತಕ್ಕೆ ಬಣ್ಣ ಬಿಟ್ಟು, ಊರ ಹೆಂಗಸರೆಲ್ಲ ಅಪ್ಪನಿಗೆ ಛೀಮಾರಿ ಹಾಕಿದ್ದರು. ಈ ಸಲ ಹಾಗಾಗಬಾರದೆಂದು ನೇಕಾರರು ನೂಲಿನ ಲಡಿ ಹೊತ್ತು ನಮ್ಮ ಅಂಗಳಕ್ಕೆ ನುಗ್ಗಿದರು. "ನಂದು ಮೊದಲ ಅದ್ದಿಕೊಡ್ರಿ!" ಮನೆಯಲ್ಲಿ ಉಳಿದಿದ್ದು ಕೆಂಪು ಮಾತ್ರ. ಅಪ್ಪ ಹಿಂದೆಮುಂದೆ ನೋಡದೆ ಎಲ್ಲವನ್ನೂ ಅದರಲ್ಲೇ ಅದ್ದಿದ.

ನನ್ನ ಚಿಂತೆ ಬೇರೆ. ನನಗೆ ಗೊತ್ತು ಮಾಡಿದ್ದ ನಂದಗಡದ ವರ ಅದೇ ಪಲ್ಟಣದಲ್ಲಿ ದರ್ಜಿ. ಹೊಲಿಗೆ ಯಂತ್ರವನ್ನು ಹೇಸರಗತ್ತೆಯ ಮೇಲೆ ಹೇರಿ ಆತನೂ ಹೋಗಿದ್ದನಂತೆ. ಖರೇ ಹೇಳಬೇಕೆಂದರೆ, ಆತ ನನಗೆ ಬೇಡವಾಗಿದ್ದ. ನೋಡಲು ಬಂದ ದಿನ ನನ್ನ ಮುಖ ಬಿಟ್ಟು ಕುಪ್ಪಸದ ಹೊಲಿಗೆ ನೋಡಿ ಮೂಗು ಮುರಿದಿದ್ದ. ಆ ಕುಪ್ಪಸ ಹೊಲಿದವಳು ನಾನೇ.

ಅವ್ವ ನನ್ನನ್ನು ಒಳಗೆ ಕರೆದು, "ಯುದ್ಧಕ್ಕ ಹೋದವರು ಯಾವಾಗ ಬರ್ತಾರೋ ಏನೋ. ಬ್ಯಾಡ ಅಂತ ಹೇಳಿ ಕಳಸೂಣೇನು? ಯಾರೂ ತಪ್ಪು ತಿಳ್ಯಾಂಗಿಲ್ಲ" ಅಂದಳು. ನಾನು ಬೇಡಿದ್ದೇ ಸಿಕ್ಕಿತ್ತು. ಹೂಂ ಅನ್ನಲು ಬಾಯಿ ತೆರೆದೆ. ಅಷ್ಟರಲ್ಲಿ ಯಾವುದೋ ಬಯಲಿನಲ್ಲಿ ತಲೆ ತಗ್ಗಿಸಿ ಯಾರದೋ ಅಂಗಿಯ ತೋಳು ಹೊಲಿಯುತ್ತಿರುವ ಆ ಜಂಬದ ಮುಖ ಕಣ್ಣಿಗೆ ಕಟ್ಟಿತು. ಅಂಗಳದಲ್ಲಿದ್ದ ಅಷ್ಟೂ ಜನರಿಗೆ ಕೇಳುವಂತೆ, "ಹತ್ತ ವರ್ಷ ಆಗಲಿ, ಮದುವಿ ಆದ್ರ ಅವರನ್ನ ಆಗಾಕಿ!" ಎಂದು ಕೂಗಿಬಿಟ್ಟೆ.

ನಾಲ್ಕನೆಯ ದಿನ ಮಧ್ಯಾಹ್ನ ಆತ ನಮ್ಮ ಬಾಗಿಲಲ್ಲಿ ನಿಂತಿದ್ದ. ಮೈತುಂಬ ಸೊಳ್ಳೆ ಕಡಿತ. "ಯುದ್ಧ ಎಲ್ಲೈತ್ರಿ? ಖಾನಾಪುರದ ಅಡವ್ಯಾಗ ಕವಾಯತು ಮಾಡಿಸಿದ್ರು, ಅಷ್ಟ" ಅಂದ. ಓಣಿಯವರೆಲ್ಲ ಬಿದ್ದು ಬಿದ್ದು ನಕ್ಕರು. ನೂಲು ಕೆಂಪು ಮಾಡಿಸಿಕೊಂಡಿದ್ದವರು ಮಾತ್ರ ನಗಲಿಲ್ಲ. ನಾನು ಬಾಗಿಲ ಹಿಂದೆ ಸೇರಿ ಅತ್ತೆ. ಜೀವಂತ ಬಂದನಲ್ಲ ಎಂಬ ಸಂತೋಷಕ್ಕೆ ಅರ್ಧ, ನಾಚಿಕೆಗೆ ಅರ್ಧ. ನನ್ನ ಕೂಗಾಟವನ್ನು ಯಾರೋ ಪುಣ್ಯಾತ್ಮರು ಆಗಲೇ ಆತನ ಕಿವಿಗೆ ಹಾಕಿದ್ದರು.

ಬಾಗಿಲ ಆ ಕಡೆಯಿಂದ ಆತ ಮೆಲ್ಲಗೆ ಕೇಳಿದ: "ಯುದ್ಧ ಇಲ್ಲಂದ್ರೂ ನಾ ನಿನಗ ನಡೀತೀನೇನು?"